ನರಗುಂದದಾಗ ಗುಂಡು ಹಾರೋಕಿಂತ ಮೊದಲು
ಎಲ್ಲಾ ಕೇಳುಗರಿಗೂ ನಮಸ್ಕಾರ್ರೀ. ಜುಲೈ 21 ಬಂತಂದ್ರ ನರಗುಂದ, ನವಲಗುಂದದಾಗ 1980ರ ಇದೇ ದಿನ ಪೊಲೀಸರ ಗುಂಡಿಗೆ ಹುತಾತ್ಮರಾದ ರೈತರ ವೀರಗಲ್ಲಿಗೆ ಮಾಲಿ ಹಾಕ್ತಾರ, ಲೀಡರ್‌ಗಳು ಬರ್ತಾರ, ಭಾಷಣ ಆಗ್ತಾವ. 1980ರಾಗ ಆ ಜನ ಕೇಳಿದ್ದಾದ್ರೂ ಏನು ಅನ್ನೋದು ಮಾತ್ರ ಆ ಭಾಷಣದಾಗ ಭಾಳ ಕಡಿಮಿ ಬರ್ತೈತಿ.

ನವಿಲುತೀರ್ಥದಾಗ ಮಲಪ್ರಭಾಕ್ಕ ಡ್ಯಾಮ್ ಕಟ್ಟಿದ್ರು, ಕಾಲುವಿ ತೋಡಿದ್ರು. ಕೆಲವರ ಹೊಲಕ್ಕ ನೀರು ಬಂತು, ಕೆಲವರ ಹೊಲಕ್ಕ ಹನಿ ಸೈತ ಮುಟ್ಟಲಿಲ್ಲ, ಬಂದಲ್ಲೂ ಕೆಲವು ಕಡೆ ಎರಿ ಭೂಮಿ ಉಪ್ಪೇರಿ, ನೀರು ನಿಂತು ಸವಳು-ಜವಳು ಹಿಡೀತು. ಆದ್ರ ಬೆಟರ್‌ಮೆಂಟ್ ಲೆವಿ ಅಂತ ಒಂದು ಕರ ಬಂತ್ರೀ, ನೀರಾವರಿಯಿಂದ ನಿಮ್ಮ ಜಮೀನಿನ ಬೆಲಿ ಏರೇತಿ, ಅದರಾಗ ಸರ್ಕಾರದ ಪಾಲು ಕೊಡ್ರಿ ಅಂತ, ನೀರು ಕಾಣದವನಿಗೂ ಅದು ತಪ್ಪಲಿಲ್ಲ, ಅದೂ ಹತ್ತಿ ರೇಟ್ ಬಿದ್ದು ಸಾಲ ತಲಿ ಮ್ಯಾಲೆ ಕೂತಿದ್ದ ಟೈಮ್‌ನ್ಯಾಗ. ರೈತರು ಮನವಿ ಕೊಟ್ರು, ಸಭೆ ಮಾಡಿದ್ರು, ಮೆರವಣಿಗೆ ಹೋದ್ರು. ಸರ್ಕಾರ ಕಿವಿಗೆ ಹಾಕ್ಕೊಳ್ಳಲಿಲ್ಲ.

ಕಡೀಕ ಬಂದ್ ಕರೆ ಕೊಟ್ರು, ತಹಸೀಲ್ದಾರ್ ಕಚೇರಿ ಮುಂದ ಜನ ಜಮಾಯಿಸಿದ್ರು, ಗೋಲಿಬಾರ್ ಆತು. ನರಗುಂದದಾಗ ವೀರಪ್ಪ ಕಡ್ಲಿಕೊಪ್ಪ, ನವಲಗುಂದದಾಗ ಬಸಪ್ಪ ಲಕ್ಕುಂಡಿ ಸತ್ರು. ಸಿಟ್ಟಿಗೆದ್ದ ಜನ ನರಗುಂದದಾಗ ಪೊಲೀಸರನ್ನೂ ಕೊಂದ್ರು, ಅದನ್ನ ಮುಚ್ಚಿಟ್ಟು ಈ ಕಥಿ ಹೇಳಬಾರದು, ಆ ಮನಿಗಳಾಗೂ ಹೆಂಡ್ತಿ ಮಕ್ಕಳು ಇದ್ರು.

ಬೆಂಕಿ ರಾಜ್ಯದ ತುಂಬ ಹಬ್ಬಿದ ಮ್ಯಾಲೆ ಮುಖ್ಯಮಂತ್ರಿ ಗುಂಡೂರಾಯರ ಕಾಂಗ್ರೆಸ್ ಸರ್ಕಾರ ರಿಯಾಯಿತಿ ಕೊಡಾಕ ಬಂತು. ಇದನ್ನ ನೆನಸಿದ್ರ ನನಗ ಭಾಳ ಸಂಕಟ ಆಗ್ತದ್ರೀ, ಜೀವ ಹೋದ ಮ್ಯಾಲೆ ಕೊಡಾಕ ಆಗೂದು, ಕಾಗದ ಕೊಟ್ಟಾಗ ಯಾಕ ಆಗಲಿಲ್ಲ? ಅದೇ ವರ್ಷ ಎಚ್.ಎಸ್. ರುದ್ರಪ್ಪ, ಎನ್.ಡಿ. ಸುಂದರೇಶ್, ಪ್ರೊ. ನಂಜುಂಡಸ್ವಾಮಿ ಅಂಥವರು ಸೇರಿ ರೈತ ಸಂಘ ಕಟ್ಟಿದ್ರು, ಹಸಿರು ಟವೆಲ್ ಊರೂರಿಗೆ ಬಂತು, 1983ರಾಗ ಕಾಂಗ್ರೆಸ್ ಸರ್ಕಾರಾನೇ ಹೋತು.

ಹೋದ್ರೂ ಸರ್ಕಾರಗಳ ಚಾಳಿ ಬದಲಾಗಲಿಲ್ಲ. 2015ರ ಜುಲೈಯಾಗ ಕಳಸಾ-ಬಂಡೂರಿ ಹಳ್ಳಗಳ ನೀರು ಮಲಪ್ರಭಾಕ್ಕ ತಿರುಗಿಸ್ರಿ ಅಂತ ನರಗುಂದದಾಗ ಮತ್ತ ಧರಣಿ ಕೂತ್ರು, ವರ್ಷಗಟ್ಟಲೆ ಕೂತ್ರು. 2016ರಾಗ ಆ ನೀರಿನ ತಕರಾರು ನೋಡ್ತಿದ್ದ ಮಹದಾಯಿ ಟ್ರಿಬ್ಯೂನಲ್ ಕರ್ನಾಟಕದ ಮಧ್ಯಂತರ ಅರ್ಜಿ ತಳ್ಳಿಹಾಕಿದಾಗ ಗಲಾಟಿ ಆತು, ನವಲಗುಂದ ತಾಲೂಕಿನ ಯಮನೂರಾಗ ಪೊಲೀಸರು ಮನಿ ಹೊಕ್ಕು ಮುದುಕರು, ಹೆಣ್ಮಕ್ಕಳು ಅನ್ನದ ಲಾಠಿ ಬೀಸಿದ್ದನ್ನ ಇಡೀ ನಾಡು ಟಿವಿಯಾಗ ನೋಡ್ತು.

ನನ್ನದು ಒಂದ ಬೇಡಿಕಿ. ರೈತರು ಮನವಿ ಕೊಟ್ರ ಬರೇ ಸೀಲ್ ಒತ್ತಿ ಕಳಸಬ್ಯಾಡ್ರಿ, ಇಷ್ಟು ದಿನದೊಳಗ ಬರವಣಿಗಿಯಾಗ ಉತ್ತರ ಕೊಡಬೇಕು, ಆಗಂಗಿಲ್ಲ ಅಂದ್ರ ಯಾಕ ಆಗಂಗಿಲ್ಲ ಅಂತ ಆ ಊರಿಗೇ ಬಂದು ಕುಂತು ಹೇಳಬೇಕು ಅಂತ ಕಟ್ಟುನಿಟ್ಟು ಮಾಡ್ರಿ. ನಮಸ್ಕಾರ.