ಕೋರ್ಟಿಗೆ ಬಂದ ಖೊಟ್ಟಿ ಕಾಗದ

ಕೇಳುಗರಿಗೆ ನಮಸ್ಕಾರ.

ಅಪ್ಪ ತೀರಿಕೊಂಡು ವರ್ಷ ತುಂಬುವುದರೊಳಗೆ ಎಲ್ಲಿಂದಲೋ ಒಂದು ವಿಲ್ ಹೊರಬೀಳುತ್ತದೆ. ಜಮೀನೆಲ್ಲ ಒಬ್ಬ ಮಗನ ಹೆಸರಿಗೆ. ಉಳಿದವರು ಪಾಲು ಕೇಳಿ ದಾವೆ ಹೂಡಿದರೆ, ಅವನು ಅದೇ ವಿಲ್ಲನ್ನು ಕೋರ್ಟಿಗೆ ಹಾಜರುಪಡಿಸುತ್ತಾನೆ. ಸಹಿ ನೋಡಿದರೆ ಅಪ್ಪನದಲ್ಲ. ಇಂಥ ಕಥೆ ನಿಮ್ಮೂರಲ್ಲೂ ಒಂದಾದರೂ ಇರುತ್ತದೆ, ಅಲ್ವಾ? ವಿಲ್ ರಿಜಿಸ್ಟರ್ ಮಾಡಿಸಲೇಬೇಕು ಅಂತ ಕಾನೂನಿಲ್ಲ, ಇಬ್ಬರು ಸಾಕ್ಷಿಗಳ ಸಹಿ ಇದ್ದರೆ ಸಾಕು. ಖೊಟ್ಟಿ ಮಾಡುವವರಿಗೆ ಅದೇ ಅನುಕೂಲ.

ಆದರೆ ಖೊಟ್ಟಿ ಕಾಗದ ತನ್ನ ಗುಟ್ಟನ್ನು ತಾನೇ ಬಿಟ್ಟುಕೊಡುವುದೂ ಉಂಟು. 1990ರ ಕರಾರು ಅಂತ ತಂದ ಪತ್ರದಲ್ಲಿ 'ಹಾವೇರಿ ಜಿಲ್ಲೆ' ಅಂತಿದೆ ಅನ್ನಿ. ಧಾರವಾಡದಿಂದ ಬೇರೆಯಾಗಿ ಹಾವೇರಿ ಜಿಲ್ಲೆಯಾದದ್ದೇ 1997ರಲ್ಲಿ! 1970ರ ಕಾಗದದಲ್ಲಿ ಪಿನ್‌ಕೋಡ್ ಕಂಡರೂ ಹಾಗೆಯೇ, ಅದು ಶುರುವಾದದ್ದು 1972ರಲ್ಲಿ. ಹಳೇ ಛಾಪಾ ಕಾಗದವಾದರೆ ತಿರುಗಿಸಿ ಹಿಂಬದಿ ನೋಡಿ. ಮಾರಿದವರ ಸೀಲು, ಕ್ರಮಸಂಖ್ಯೆ, ತಾರೀಖು ಇರುತ್ತವೆ. ಇನ್ನು ಮಡಿಕೆ. ಮೊದಲು ಮಡಚಿ ಆಮೇಲೆ ಬರೆದಿದ್ದರೆ, ಎಳೆ ಮುರಿದ ಜಾಗದಲ್ಲಿ ಶಾಯಿ ಹರಡಿಕೊಂಡಿರುತ್ತದೆ. ರೂಢಿಯ ಸಹಿ ಸರ್ರನೆ ಓಡುತ್ತದೆ. ನೋಡಿ ಬರೆದ ಸಹಿಯಲ್ಲಿ ಗೆರೆ ನಡುಗಿರುತ್ತದೆ, ಎತ್ತಬಾರದ ಕಡೆ ಪೆನ್ನು ಎತ್ತಿದ ಗುರುತಿರುತ್ತದೆ. ಇದನ್ನು ಹೇಳಲು ತಜ್ಞರಿಗೆ ಮೂಲ ಪ್ರತಿಯೇ ಬೇಕು. ಜೆರಾಕ್ಸಿನಲ್ಲಿ ಪೆನ್ನು ಒತ್ತಿದ್ದು ಎಲ್ಲಿ ಕಾಣುತ್ತದೆ? ಜೊತೆಗೆ ಅದೇ ಕಾಲದ, ತಕರಾರಿಲ್ಲದ ಸಹಿಯೂ ಬೇಕು. ಬ್ಯಾಂಕಿನಲ್ಲಿ ಖಾತೆ ತೆರೆದ ಅರ್ಜಿಯಲ್ಲಿ, ರಿಜಿಸ್ಟರ್ ಆದ ಕ್ರಯಪತ್ರದಲ್ಲಿ ಹುಡುಕಿ.

ಸರಿ, ಖೊಟ್ಟಿ ಅಂತ ಗೊತ್ತಾಯಿತು. ಆಮೇಲೆ? ಬಹಳ ಸಲ ಏನೂ ಇಲ್ಲ. 'ಈ ದಾಖಲೆ ನಂಬಲರ್ಹವಲ್ಲ' ಅಂತ ತೀರ್ಪಿನಲ್ಲಿ ಒಂದು ಸಾಲು. ಕೇಸು ಸೋತವನು ಅಂಗಿ ಕೊಡವಿಕೊಂಡು ಮನೆಗೆ ಹೋಗುತ್ತಾನೆ. ನನ್ನ ಕೇಳಿದರೆ, ಇಂಥವರಿಗೆ ಧೈರ್ಯ ಬರುವುದೇ ಇದರಿಂದ. ಸಿಕ್ಕಿಬಿದ್ದರೂ ಹೋಗುವುದು ವಕೀಲರ ಫೀಸು ಮಾತ್ರ ತಾನೇ?

ಹಾಗಂತ ಕಾನೂನು ಮೆತ್ತಗಿಲ್ಲ. ಭಾರತೀಯ ನ್ಯಾಯ ಸಂಹಿತೆಯ 338ನೇ ಸೆಕ್ಷನ್ ಪ್ರಕಾರ ವಿಲ್ ಫೋರ್ಜರಿ ಮಾಡಿದವರಿಗೆ ಜೀವಾವಧಿಯವರೆಗೂ ಶಿಕ್ಷೆ ಆಗಬಹುದು. ಖೊಟ್ಟಿ ಅಂತ ಗೊತ್ತಿದ್ದೂ ಬಳಸಿದವರಿಗೂ ಅದೇ ಶಿಕ್ಷೆ.

ತೊಡಕಿರುವುದು, ದೂರು ಯಾರು ಕೊಡಬೇಕು ಅನ್ನುವುದರಲ್ಲಿ. ಠಾಣೆಗೆ ಹೋದರೆ 'ಕೇಸು ಕೋರ್ಟಲ್ಲಿದೆ, ಅಲ್ಲೇ ನೋಡ್ಕೊಳ್ಳಿ' ಅಂತ ಸಾಗಹಾಕುವುದುಂಟು. ಅದು ಅರ್ಧ ಮಾತ್ರ ಸರಿ. 2005ರಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇದನ್ನು ಬಿಡಿಸಿ ಹೇಳಿತು. ಅಲ್ಲೂ ಜಗಳ ಒಂದು ವಿಲ್ಲಿನದೇ! ಹೊರಗೆ ಖೊಟ್ಟಿ ಮಾಡಿ ಆಮೇಲೆ ಕೋರ್ಟಿಗೆ ತಂದಿದ್ದರೆ, ನೊಂದವರೇ ದೂರು ಕೊಡಬಹುದು. ಕೋರ್ಟಿನ ವಶಕ್ಕೆ ಬಂದ ಮೇಲೆ ಕಾಗದ ತಿದ್ದಿದ್ದರೆ ಮಾತ್ರ ಕೋರ್ಟೇ ದೂರು ಕೊಡಬೇಕು. ಈ ನಿಯಮ ಇದ್ದದ್ದು ಹಳೇ ಸಿಆರ್‌ಪಿಸಿಯ, ಅಂದರೆ ಅಪರಾಧ ಪ್ರಕ್ರಿಯಾ ಸಂಹಿತೆಯ, 195ನೇ ಸೆಕ್ಷನ್‌ನಲ್ಲಿ. ಅದು ಈಗ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 215 ಆಗಿದೆ.

ವಿಲ್ಲಿಗೆ ಸಾಕ್ಷಿ ಹಾಕಿದವನು ಕಟಕಟೆಯಲ್ಲಿ ನಿಂತು ಸುಳ್ಳು ಹೇಳಿದ್ದರೆ ಮಾತ್ರ ಲೆಕ್ಕ ಬೇರೆ. ಅದಕ್ಕೆ ಕೋರ್ಟಿನದೇ ದೂರು ಬೇಕು. ಸುರಕ್ಷಾ ಸಂಹಿತೆಯ 379ನೇ ಸೆಕ್ಷನ್ ಅಡಿ, ಹಳೇ ಸಿಆರ್‌ಪಿಸಿಯಲ್ಲಿ ಅದು 340, ನೀವು ಅರ್ಜಿ ಹಾಕಬೇಕು. ನಿಮಗೆಷ್ಟು ನೋವಾಯಿತು ಅನ್ನುವುದಕ್ಕಿಂತ, ನ್ಯಾಯದ ಕೆಲಸಕ್ಕೆ ಎಷ್ಟು ಧಕ್ಕೆಯಾಯಿತು ಅಂತ ಜಡ್ಜ್ ನೋಡುತ್ತಾರೆ. ಅರ್ಜಿ ವಜಾ ಆದರೆ ಮೇಲ್ಮನವಿಗೂ ದಾರಿಯಿದೆ.

ಹೊರಡುವ ಮುಂಚೆ ಇನ್ನೊಂದು ಮಾತು. ಕೇಸು ಮುಗಿದ ಮೇಲೆ ಹಾಜರುಪಡಿಸಿದವರು ತಮ್ಮ ದಾಖಲೆ ವಾಪಸ್ ಕೇಳಬಹುದು. ಆ ಕಾಗದ ಒಮ್ಮೆ ಅವರ ಕೈಗೆ ಹೋದರೆ, ಪ್ರಯೋಗಾಲಯಕ್ಕೆ ಕಳಿಸಲು ನಿಮ್ಮ ಹತ್ತಿರ ಏನೂ ಉಳಿಯುವುದಿಲ್ಲ. ಅದಕ್ಕೇ ಮೂಲ ಪ್ರತಿಯನ್ನು ಕೋರ್ಟಿನಲ್ಲೇ ತಡೆಹಿಡಿಯಿರಿ ಅಂತ ಮೊದಲೇ ಅರ್ಜಿ ಹಾಕಿಸಿ. ನಮಸ್ಕಾರ.