ಝಗೋರಿಯ ಪೀಟಾ: ಐದು ಹಾಳೆ, ಒಂದು ಕಿಲೋ ಸೊಪ್ಪು

ಕಲ್ಲಿನ ಗೋಡೆ, ಕಲ್ಲು ಹಾಸಿದ ಓಣಿ, ಮಾಡಿಗೂ ಹೆಂಚಿನ ಬದಲು ಚಪ್ಪಡಿ ಕಲ್ಲು. ಇದು ಝಗೋರಿ. ಗ್ರೀಸ್ ದೇಶದ ವಾಯವ್ಯ ಮೂಲೆಯ ಇಪಿರಸ್ ಸೀಮೆ, ಪಿಂಡಸ್ ಬೆಟ್ಟಸಾಲಿನ ಮಡಿಲು. ಯೊಆನಿನಾ ಪಟ್ಟಣ ದಾಟಿ ಮೇಲೆ ಹತ್ತಿದ್ರೆ ಇಂಥ 46 ಹಳ್ಳಿಗಳಿವೆ. 2023ರಲ್ಲಿ ಯುನೆಸ್ಕೋ ಇದನ್ನ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸ್ತು. ಕಮಾನು ಸೇತುವೆ, ವಿಕೋಸ್ ಕಣಿವೆ ನೋಡೋಕೆ ಬರೋರೇ ಹೆಚ್ಚು. ಈ ವಿಡಿಯೋದಲ್ಲಿ ನಾವು ಸೀದಾ ಅಡುಗೆಮನೆಗೆ, ಇಲ್ಲಿನ ಅಜ್ಜಿಯೊಬ್ಬರು ಪೀಟಾ ಕಲಿಸೋ ಕ್ಲಾಸಿಗೆ ಹೋಗೋಣ.

ಮೊದಲೇ ಒಂದು ಮಾತು. ಪೀಟಾ ಅಂದ ತಕ್ಷಣ ನಮಗೆ ನೆನಪಾಗೋದು ಜೇಬಿನ ಥರ ಬಾಯಿ ತೆರೆಯೋ ರೊಟ್ಟಿ. ಗ್ರೀಸ್‌ನಲ್ಲಿ ಆ ಹೆಸರು ರೊಟ್ಟಿಗೂ ಇದೆ, ಆದ್ರೆ ಹಳ್ಳೀಲಿ ಪೀಟಾ ಅಂದ್ರೆ ಇದು: ತೆಳ್ಳಗೆ ಲಟ್ಟಿಸಿದ ಹಿಟ್ಟಿನ ಹಾಳೆಗಳ ನಡುವೆ ಹೂರಣ ಇಟ್ಟು ದೊಡ್ಡ ತಟ್ಟೇಲಿ ಬೇಯಿಸಿದ್ದು. ಪಾಲಕ್ ಹಾಕಿದ್ರೆ ಸ್ಪನಕೋಪಿಟಾ, ಚೀಸ್ ಹಾಕಿದ್ರೆ ತಿರೋಪಿಟಾ, ಕುಂಬಳ ಹಾಕಿದ್ರೆ ಕೊಲೊಕಿಥೋಪಿಟಾ, ಬೆಟ್ಟದ ಸೊಪ್ಪು ಹಾಕಿದ್ರೆ ಹೊರ್ತೋಪಿಟಾ. ಹಾಳೆಯ ಹೆಸರು ಫಿಲೋ. ಗ್ರೀಕ್‌ನಲ್ಲಿ ಆ ಪದಕ್ಕೆ ಎಲೆ ಅಂತಲೇ ಅರ್ಥ.

ಈ ಸೀಮೇಲಿ ಪೀಟಾ ಇಷ್ಟು ಬೇರೂರಿರೋದಕ್ಕೆ ಕುರಿ ಕಾಯೋರ ಬದುಕೇ ಕಾರಣ. ಸರಕತ್ಸಾನಿ, ವ್ಲಾಖ್ ಸಮುದಾಯದೋರು ಬೇಸಿಗೇಲಿ ಮಂದೆ ಹೊಡ್ಕೊಂಡು ಬೆಟ್ಟಕ್ಕೆ ಬರ್ತಿದ್ರು, ಚಳಿಗಾಲಕ್ಕೆ ಬಯಲಿಗೆ ಇಳೀತಿದ್ರು. ಜೊತೆಗೆ ಇರ್ತಿದ್ದದ್ದು ಹಿಟ್ಟು, ಬೆಣ್ಣೆ, ಚೀಸ್. ಸೊಪ್ಪು ದಾರೀಲೇ ಸಿಗ್ತಿತ್ತು. ಒಲೆಯಿಲ್ಲದ ಕಡೆ ತಟ್ಟೆ ಮೇಲೆ ಗಾಸ್ತ್ರಾ ಅನ್ನೋ ಗುಮ್ಮಟದಂಥ ಮುಚ್ಚಳ ಕವುಚಿ, ಅದರ ಮೇಲೆ ಕೆಂಡ, ಬೂದಿ ಹರಡಿದ್ರೆ ಆಯ್ತು. ತುಂಡು ಮಾಡಿ ಬಟ್ಟೇಲಿ ಕಟ್ಕೊಂಡ್ರೆ ಬುತ್ತಿ.

ಸರಿ, ಕ್ಲಾಸಿನ ಮೇಜು ನೋಡಿ. ಸಾಮಾನು ಎಷ್ಟು ಕಡಿಮೆ ಇದೆ! 36 ಸೆಂಟಿಮೀಟರ್ ಅಗಲದ ದುಂಡನೆ ತಟ್ಟೆ, ಅದಕ್ಕೆ ತಪ್ಸೀ ಅಂತಾರೆ. ಎರಡು ಸೆಂಟಿಮೀಟರ್‌ಗಿಂತ ದಪ್ಪ ಇಲ್ಲದ, ಮುಕ್ಕಾಲು ಮೀಟರ್ ಉದ್ದದ ಕೋಲು. ನಮ್ಮ ಚಪಾತಿ ಲಟ್ಟಣಿಗೆಗೂ ಇದಕ್ಕೂ ಕೆಲಸವೇ ಬೇರೆ, ಆಮೇಲೆ ಗೊತ್ತಾಗತ್ತೆ. ಕಲಿಸೋ ಅಜ್ಜಿಯನ್ನ ಎಲ್ರೂ ಕಿರಿಯಾ ಅಂತಾರೆ, ನಮ್ಮಲ್ಲಿ ಅಮ್ಮಾವ್ರೇ ಅಂದ ಹಾಗೆ.

ಹಿಟ್ಟಿನ ಅಳತೆ ಬರ್ಕೊಳ್ಳಿ. 500 ಗ್ರಾಂ ಮೈದಾ, 8 ಗ್ರಾಂ ಉಪ್ಪು, 30 ಮಿಲಿಲೀಟರ್ ಆಲಿವ್ ಎಣ್ಣೆ, 15 ಮಿಲಿಲೀಟರ್ ವಿನೆಗರ್, ಸುಮಾರು 260 ಮಿಲಿಲೀಟರ್ ಉಗುರುಬೆಚ್ಚಗಿನ ನೀರು. ನೀರನ್ನ ಒಂದೇ ಸಲ ಸುರೀಬೇಡಿ. 240 ಹಾಕಿ ಕಲಸಿ, ಉಳಿದದ್ದನ್ನ ಹಿಟ್ಟು ಕೇಳಿದಷ್ಟೇ ಕೊಡಿ. ಒಂದೊಂದು ಮೈದಾ ಒಂದೊಂದು ಥರ ನೀರು ಕುಡಿಯತ್ತೆ. ಹತ್ತು ನಿಮಿಷ ಚೆನ್ನಾಗಿ ನಾದಬೇಕು. ಹದ ಎಷ್ಟು ಅಂದ್ರೆ, ಚಪಾತಿ ಹಿಟ್ಟಿಗಿಂತ ಸ್ವಲ್ಪ ಮೆತ್ತಗೆ, ಹೋಳಿಗೆ ಕಣಕಕ್ಕಿಂತ ಗಟ್ಟಿ. ಬೆರಳಲ್ಲಿ ಒತ್ತಿದ್ರೆ ಗುಳಿ ನಿಧಾನಕ್ಕೆ ಮೇಲೆ ಬರಬೇಕು, ಕೈಗೆ ಅಂಟಬಾರದು.

ಈಗ ಉಂಡೆ ಮಾಡೋದು. ಐದು ಉಂಡೆ: ಕೆಳಗಿನ ಹಾಳೆಗಳಿಗೆ 170 ಗ್ರಾಮಿನ ಮೂರು, ಮೇಲಿನವಕ್ಕೆ 150 ಗ್ರಾಮಿನ ಎರಡು. ಕೆಳಗಿನ ಹಾಳೆ ತಟ್ಟೆಯ ಅಂಚು ಹತ್ತಿ ಹೊರಗೆ ಇಳೀಬೇಕು, ಅದಕ್ಕೇ ತೂಕ ಜಾಸ್ತಿ. ಎಣ್ಣೆ ಸವರಿ, ಮುಚ್ಚಿ, ಕನಿಷ್ಠ ಒಂದು ಗಂಟೆ ಬಿಡಿ. ಈ ಒಂದು ಗಂಟೇಲಿ ಅವಸರ ಮಾಡಿದೋರಿಗೆ ಮುಂದೆ ಎಲ್ಲ ಹೆಜ್ಜೇಲೂ ಕಷ್ಟ. ನಾದಿದಾಗ ಹಿಟ್ಟಿಗೆ ಜಿಗುಟು ಕೊಡೋ ಗ್ಲುಟೆನ್ ರಬ್ಬರಿನ ಹಾಗೆ ಬಿಗಿದಿರತ್ತೆ. ಆಗಲೇ ಲಟ್ಟಿಸಿದ್ರೆ ಹಾಳೆ ಎಳೆದಷ್ಟೂ ಹಿಂದಕ್ಕೆ ಓಡತ್ತೆ. ಹೋಳಿಗೆ ಕಣಕವನ್ನ ಎಣ್ಣೇಲಿ ನೆನೆಸಿಡೋದೂ ಇದೇ ಕಾರಣಕ್ಕೆ ತಾನೇ?

ಆ ಒಂದು ಗಂಟೆ ಸೊಪ್ಪಿನದು. ಹಳ್ಳಿಯೋರು ಹೊರ್ತಾ ಅಂತ ಕರೆಯೋದು ಯಾವುದೋ ಒಂದು ಸೊಪ್ಪನ್ನಲ್ಲ, ಬೇಲಿ ಬದಿ, ಹೊಲದ ಬದು, ಬೆಟ್ಟದ ಇಳಿಜಾರಲ್ಲಿ ಸಿಗೋ ಬೆರಕೆ ಸೊಪ್ಪನ್ನ. ಎಳೇ ತುರಚೆ, ಚುಕ್ಕೆ ಸೊಪ್ಪಿನ ಜಾತಿಯ ಹುಳಿ ಸೊಪ್ಪು, ಗಸಗಸೆ ಜಾತಿಯ ಕಾಡು ಗಿಡದ ಎಳೆ ಎಲೆ. ಒಂದು ಕಹಿ, ಒಂದು ಹುಳಿ, ಒಂದು ಸಿಹಿ, ಒಂದು ಘಮ ಇರೋ ಹಾಗೆ ಕೂಡಿಸ್ತಾರೆ. ಘಮಕ್ಕೆ ಹಾಕೋದು ನಮ್ಮ ಸಬ್ಬಸಿಗೆ ಸೊಪ್ಪೇ, ಅದೇ ಗಿಡ. ಜೊತೆಗೆ ಪುದೀನ. ಹಾಗಾಗಿ ಬೆಂಗಳೂರಲ್ಲೋ ಹುಬ್ಬಳ್ಳೀಲೋ ಮಾಡೋರು ಪಾಲಕ್ ಅರ್ಧ, ಹರಿವೆ ಮತ್ತು ಮೆಂತ್ಯ ಸೇರಿ ಕಾಲು, ಚುಕ್ಕೆ ಸೊಪ್ಪು, ಸಬ್ಬಸಿಗೆ, ಪುದೀನ ಸೇರಿ ಕಾಲು ಇಟ್ಕೊಂಡ್ರೆ ರುಚಿ ಹತ್ತಿರ ಬರತ್ತೆ. ಬರೀ ಪಾಲಕ್ ಮಾಡಿದ್ರೆ ಸಪ್ಪೆ.

ಸೋಸಿದ ಸೊಪ್ಪು ಒಟ್ಟು ಒಂದು ಕಿಲೋ. ತೊಳೆದು, ನೀರು ಪೂರಾ ಆರಿಸಿ, ಸಣ್ಣಗೆ ಹೆಚ್ಚಿ. ಇಲ್ಲಿ ಬೇಯಿಸೋದಿಲ್ಲ. ಒಂದು ಚಮಚ ಉಪ್ಪು ಉದುರಿಸಿ ಕೈಯಲ್ಲಿ ಕಿವುಚಿ, ಇಪ್ಪತ್ತು ನಿಮಿಷ ಬಿಟ್ಟು, ಹಿಡಿ ಹಿಡಿಯಾಗಿ ಹಿಂಡಿ ತೆಗೀತಾರೆ. ಪಾತ್ರೆ ತಳದಲ್ಲಿ ನಿಂತ ಈ ಹಸಿರು ನೀರು ನೋಡಿ. ಇಷ್ಟೂ ನೀರು ಹೂರಣದಲ್ಲೇ ಉಳಿದಿದ್ರೆ ಕೆಳಗಿನ ಮೂರು ಹಾಳೆ ಬೇಯೋದರ ಬದಲು ಅದರಲ್ಲೇ ನೆನೆದು ಅಂಟಾಗಿ ಕೂರ್ತಿತ್ತು. ಪೀಟಾ ಕೆಟ್ಟಿದೆ ಅಂದ್ರೆ ನೂರಕ್ಕೆ ತೊಂಬತ್ತು ಸಲ ನೀರಿನ ಲೆಕ್ಕ ತಪ್ಪಿದೆ ಅಂತಲೇ ನಮ್ಮ ಅಭಿಪ್ರಾಯ. ತುರಚೆಯನ್ನ ಕೈಗವಸು ಹಾಕ್ಕೊಂಡೇ ಮುಟ್ಟಿ, ಕುದಿಯೋ ನೀರಲ್ಲಿ ಒಂದು ನಿಮಿಷ ಅದ್ದಿದ್ರೆ ಉರಿ ಹೋಗತ್ತೆ.

ಹಿಂಡಿದ ಸೊಪ್ಪಿಗೆ ಐದಾರು ಈರುಳ್ಳಿ ಸೊಪ್ಪಿನ ಗಿಡ ಹೆಚ್ಚಿ ಹಾಕಿ. ಮೂರು ದೊಡ್ಡ ಚಮಚ ಆಲಿವ್ ಎಣ್ಣೆ, ಎರಡು ಮೊಟ್ಟೆ, ಪುಡಿ ಮಾಡಿದ 300 ಗ್ರಾಂ ಫೆಟಾ ಚೀಸ್, ಕರಿಮೆಣಸಿನ ಪುಡಿ. ಆಮೇಲೆ ಎರಡು ದೊಡ್ಡ ಚಮಚ ತ್ರಹಾನಾ. ಅದು ಹುಳಿ ಹಾಲಲ್ಲಿ ಗೋಧಿ ನುಚ್ಚು ಬೇಯಿಸಿ ಬಿಸಿಲಲ್ಲಿ ಒಣಗಿಸಿಟ್ಟದ್ದು. ಒಲೇಲಿ ಸೊಪ್ಪು ಬಿಡೋ ಉಳಿದ ನೀರನ್ನ ಅದು ಹೀರ್ಕೊಳ್ಳತ್ತೆ. ಇಲ್ಲದಿದ್ರೆ ಸಣ್ಣ ರವೆ ಸಾಕು. ಉಪ್ಪು ಮತ್ತೆ ಹಾಕಬೇಡಿ, ಫೆಟಾದಲ್ಲೇ ಬೇಕಾದಷ್ಟಿದೆ.

ಫೆಟಾ ಬಗ್ಗೆ ಸ್ವಲ್ಪ ಹೇಳಲೇಬೇಕು. 2002ರಿಂದ ಯುರೋಪ್ ಒಕ್ಕೂಟದಲ್ಲಿ ಆ ಹೆಸರು ಗ್ರೀಸ್‌ನ ಗೊತ್ತುಪಡಿಸಿದ ಸೀಮೆಗಳಿಗೇ ಮೀಸಲು. ಕುರಿ ಹಾಲು ಶೇ 70ಕ್ಕಿಂತ ಕಡಿಮೆ ಇರೋ ಹಾಗಿಲ್ಲ, ಉಳಿದದ್ದು ಮೇಕೆ ಹಾಲು. ಕನಿಷ್ಠ ಎರಡು ತಿಂಗಳು ಮಾಗಬೇಕು. ಹಸುವಿನ ಹಾಲಿನ ಬಿಳಿ ಚೀಸನ್ನ ಅದೇ ಹೆಸರಲ್ಲಿ ಮಾರೋ ಕಡೆ ಆ ಹುಳಿ, ಆ ಘಾಟು ಸಿಗಲ್ಲ. ಸಸ್ಯಾಹಾರಿಗಳು ಪೊಟ್ಟಣದ ಮೇಲೆ ಓದಿ ತಗೊಳ್ಳಿ: ಹಳೇ ಪದ್ಧತೀಲಿ ಹಾಲು ಒಡೆಯೋದು ಕರು-ಮರಿಗಳ ಹೊಟ್ಟೆಯಿಂದ ತೆಗೆದ ರೆನ್ನೆಟ್‌ನಿಂದ. ಬದಲಿಗೆ ಪನೀರ್ ಬಳಸೋದಾದ್ರೆ 200 ಗ್ರಾಂ ಪನೀರ್ ಪುಡಿಗೆ 100 ಗ್ರಾಂ ಕಟ್ಟಿ ನೀರಿಳಿಸಿದ ಹುಳಿ ಮೊಸರು, ಒಂದು ಟೀಸ್ಪೂನ್ ಉಪ್ಪು ಸೇರಿಸಿ. ಫೆಟಾ ಆಗಲ್ಲ, ಆದ್ರೆ ಪೀಟಾ ಚೆನ್ನಾಗೇ ಬರತ್ತೆ.

ಈಗ ಕೋಲಿನ ಕೆಲಸ. ಕ್ಯಾಮೆರಾ ಕೈ ಹತ್ತಿರ ಇಟ್ಟಿದ್ದೀವಿ, ನಿಧಾನಕ್ಕೆ ನೋಡಿ. ಅಜ್ಜಿ ಉಂಡೆಯನ್ನ ಮೊದಲು ಮಾಮೂಲಿ ಚಪಾತಿಯಷ್ಟು ಲಟ್ಟಿಸಿದ್ರು. ಮೇಲೆ ಪಿಷ್ಟ ಉದುರಿಸಿದ್ರು, ನಮ್ಮ ಅಂಗಡೀಲಿ ಕಾರ್ನ್‌ಫ್ಲೋರ್ ಅಂತ ಸಿಗೋ ಬಿಳಿ ಪುಡಿ, ಹಳದಿ ಜೋಳದ ಹಿಟ್ಟಲ್ಲ. ತಮ್ಮ ಕಡೆಯ ಅಂಚನ್ನ ಕೋಲಿಗೆ ಸುತ್ತಿ, ಇಡೀ ಹಾಳೆಯನ್ನ ಚಾಪೆ ಸುತ್ತಿದ ಹಾಗೆ ಸುತ್ಕೊಂಡ್ರು. ಅಂಗೈ ಎರಡೂ ನಡುವೆ ಇವೆ. ಈಗ ಕೋಲು ಹಿಂದೆ ಮುಂದೆ ಉರುಳ್ತಾ ಇರೋ ಹಾಗೇ ಅಂಗೈಗಳು ನಡುವಿಂದ ತುದಿಗೆ ಸರೀತಿವೆ, ಮತ್ತೆ ನಡುವಿಗೆ, ಮತ್ತೆ ತುದಿಗೆ. ಹಾಳೆ ಸುತ್ತಿಕೊಂಡಿದ್ದ ಜಾಗದಲ್ಲೇ ಅಗಲ ಆಗ್ತಿದೆ. ನಾಲ್ಕು ಸಲ ಆಯ್ತು. ಕೋಲನ್ನ ಒಂದು ಬೀಸು ಬಿಡಿಸಿದ್ರು, ಹಾಳೆ ಮೇಜಿಗೆ ಪಟ್ ಅಂತ ಬಡೀತು. ಕಾಲು ಸುತ್ತು ತಿರುಗಿಸಿ, ಚಿಟಿಕೆ ಪಿಷ್ಟ ಉದುರಿಸಿ, ಮತ್ತೆ ಅದೇ. ನಾಲ್ಕೈದು ಸುತ್ತಿಗೆ 45 ಸೆಂಟಿಮೀಟರ್ ಅಗಲ, ದಪ್ಪ ಒಂದು ಮಿಲಿಮೀಟರ್‌ಗಿಂತ ಕಡಿಮೆ. ಹಾಳೆ ಕೆಳಗೆ ಕೈ ಇಟ್ಟಿದ್ದಾರೆ ನೋಡಿ, ಬೆರಳಿನ ನೆರಳು ಕಾಣ್ತಿದೆ.

ಒತ್ತಡ ಕೆಳಕ್ಕೆ ಹಾಕಬಾರದು, ಪಕ್ಕಕ್ಕೆ ಹಾಕಬೇಕು. ಹೊಸಬರು ಕೋಲನ್ನ ಮೇಜಿಗೆ ಅದುಮ್ತಾರೆ, ಸುತ್ತಿದ ಪದರಗಳು ಒಂದಕ್ಕೊಂದು ಅಂಟಿ ಬಿಡಿಸುವಾಗ ಹರಿಯತ್ತೆ. ಪಿಷ್ಟದ ಬದಲು ಮೈದಾ ಉದುರಿಸಿದ್ರೆ ಹಿಟ್ಟು ಅದನ್ನ ಕುಡಿದು ಗಡುಸಾಗತ್ತೆ, ಬೆಂದ ಮೇಲೆ ಅಗಿಯೋಕೆ ಕಷ್ಟ. ಚಿರೋಟಿ ಪದರಗಳ ನಡುವೆ ತುಪ್ಪದ ಜೊತೆ ಅಕ್ಕಿ ಹಿಟ್ಟು ಸವರೋ ಮನೆಗಳಲ್ಲಿ ಈ ಗುಟ್ಟು ಯಾರಿಗೂ ಹೊಸದಲ್ಲ. ಸಣ್ಣ ತೂತು ಬಿದ್ರೆ ಗಾಬರಿ ಬೇಡ, ಅದು ನಡುವಿನ ಹಾಳೆಯಾಗಲಿ. ತೂತಿಲ್ಲದ್ದು ತೀರಾ ಕೆಳಗೆ ಮತ್ತು ತೀರಾ ಮೇಲೆ.

ತಟ್ಟೆಗೆ ಎಣ್ಣೆ ಧಾರಾಳವಾಗಿ ಸವರಿ. ಹಾಳೆಯನ್ನ ಕೋಲಿನ ಮೇಲೇ ಎತ್ತಿ ತಂದು ಹಾಸಿ. ಎಣ್ಣೆ, ಎರಡನೇ ಹಾಳೆ, ಎಣ್ಣೆ, ಮೂರನೇದು. ಇಪಿರಸ್‌ನಲ್ಲಿ ಅರ್ಧ ಎಣ್ಣೆ, ಅರ್ಧ ಕುರಿ ಬೆಣ್ಣೆ ಬಳಸೋರೂ ಇದ್ದಾರೆ, ಪರಿಮಳ ಬೇರೆಯೇ. ಹೂರಣ ಒಂದು, ಹೆಚ್ಚೆಂದ್ರೆ ಒಂದೂವರೆ ಸೆಂಟಿಮೀಟರ್ ದಪ್ಪ. ಮೇಲಿನ ಎರಡು ಹಾಳೆಗಳನ್ನ ಬಿಗಿಯಾಗಿ ಎಳೀಬೇಡಿ, ಸುಕ್ಕು ಸುಕ್ಕಾಗಿ ಬಿಡಿ. ಆ ಸುಕ್ಕಿನೊಳಗೆ ಗಾಳಿ ನಿಂತು ಮೇಲ್ಪದರ ಗರಿಗರಿ ಆಗತ್ತೆ. ಹೊರಗೆ ಇಳಿಬಿದ್ದ ಅಂಚನ್ನ ಒಳಕ್ಕೆ ಸುರುಳಿ ಸುತ್ತಿ ಹಗ್ಗದ ಥರ ಮಾಡಿದ್ದು ಕೋಥ್ರೋಸ್. ತಿನ್ನೋವಾಗ ಮಕ್ಕಳು ಜಗಳ ಆಡೋದು ಇದಕ್ಕೇ.

ಒಲೆಗೆ ಹೋಗೋ ಮುಂಚೆ ಮೇಲಿನ ಹಾಳೆಗಳನ್ನ ಮಾತ್ರ ಚಾಕುವಿಂದ ತುಂಡುಗಳಾಗಿ ಗೀರಬೇಕು, ತಳ ಮುಟ್ಟಬಾರದು. ಒಳಗಿನ ಹಬೆಗೆ ದಾರಿ ಇಲ್ಲದಿದ್ರೆ ಮೇಲ್ಪದರ ಉಬ್ಬಿ ಒಡೆಯತ್ತೆ, ಬೆಂದ ಮೇಲೆ ಕತ್ತರಿಸೋಕೆ ಹೋದ್ರೆ ಪುಡಿಪುಡಿ. ಎಣ್ಣೆ ಸವರಿ, ಬೆರಳಲ್ಲಿ ನೀರು ಚಿಮುಕಿಸಿ. 200 ಡಿಗ್ರಿ ಕಾದ ಓವನ್‌ನ ತೀರಾ ಕೆಳಗಿನ ಅಂಕಣದಲ್ಲಿ ಹದಿನೈದು ನಿಮಿಷ, ಆಮೇಲೆ 180ಕ್ಕೆ ಇಳಿಸಿ 45 ನಿಮಿಷ. ಮೊದಲ ಬಿಸಿ ತಳಕ್ಕೇ ತಾಗಬೇಕು, ಸೊಪ್ಪು ನೀರು ಬಿಡೋ ಮುಂಚೆ ಕೆಳಗಿನ ಹಾಳೆ ಗಟ್ಟಿಯಾಗಬೇಕು. ತೆಳು ಲೋಹದ ತಟ್ಟೆಯೇ ಬೇಕು, ದಪ್ಪ ಗಾಜಿಂದು ಬಿಸಿ ಏರೋಕೆ ತಡ ಮಾಡತ್ತೆ. ಮನೆಯ ಸಣ್ಣ ಓಟಿಜಿಗೆ 36 ಸೆಂಟಿಮೀಟರ್ ತಟ್ಟೆ ಹಿಡಿಯಲ್ಲ. 26 ಸೆಂಟಿಮೀಟರಿನದಕ್ಕೆ ಎಲ್ಲ ಅಳತೆಯನ್ನೂ ಸರಿಯಾಗಿ ಅರ್ಧ ಮಾಡಿ.

ಬೆಂದಿದ್ಯಾ ಅಂತ ಮೇಲಿನ ಬಣ್ಣ ನೋಡಿ ತೀರ್ಮಾನಿಸಬೇಡಿ. ಬಟ್ಟೆ ಹಿಡಿದು ತಟ್ಟೆ ಅಲ್ಲಾಡಿಸಿ. ಪೀಟಾ ಇಡಿಯಾಗಿ ಜಾರಿದ್ರೆ ತಳ ಆಗಿದೆ. ಅಂಟಿಕೊಂಡೇ ಇದ್ರೆ ಇನ್ನೂ ಹತ್ತು ನಿಮಿಷ, ಮೇಲೆ ಕಪ್ಪಾಗ್ತಿದ್ರೆ ಫಾಯಿಲ್ ಹೊದಿಸಿ. ಹೊರಗೆ ತೆಗೆದ ಮೇಲೆ ಮುಚ್ಚಲೇಬೇಡಿ, ಹಬೆ ತಿರುಗಿ ಬಿದ್ದು ಅಷ್ಟು ಹೊತ್ತಿನ ಗರಿ ಎರಡು ನಿಮಿಷದಲ್ಲಿ ಹೋಗತ್ತೆ. ಅರ್ಧ ಗಂಟೆ ಆರಲಿ, ಹೂರಣ ಕೂರಲಿ, ಆಮೇಲೆ ಗೀರಿದ ಗೆರೆ ಮೇಲೇ ಕತ್ತರಿಸಿ. ಮಾರನೇ ದಿನ ಮೈಕ್ರೋವೇವ್ ಬೇಡ, ದಪ್ಪ ತವಾ ಮೇಲೆ ಸಣ್ಣ ಉರೀಲಿ ಬಿಸಿ ಮಾಡಿ.

ಮೊಟ್ಟೆ, ಚೀಸ್ ಎರಡೂ ಬೇಡ ಅನ್ನೋರಿಗೆ ಇಲ್ಲೇ ಹಳೇ ದಾರಿ ಇದೆ. ಈಸ್ಟರ್ ಮುಂಚಿನ ಉಪವಾಸದಲ್ಲಿ ಆರ್ಥಡಾಕ್ಸ್ ಕ್ರೈಸ್ತರು ಮಾಂಸ, ಮೊಟ್ಟೆ, ಹಾಲಿನ ಪದಾರ್ಥ ಬಿಡ್ತಾರೆ. ಆಗಿನ ಪೀಟಾ ನಿಸ್ತೀಸಿಮಿ: ಬರೀ ಸೊಪ್ಪು, ಈರುಳ್ಳಿ, ಎಣ್ಣೆ, ಮೂರು ಚಮಚ ಅಕ್ಕಿ. ಚೀಸ್ ಇಲ್ಲದ್ದರಿಂದ ಹೂರಣಕ್ಕೆ ಉಪ್ಪು ನೋಡಿ ಹಾಕಿ. ಸೊಪ್ಪು ಚೆನ್ನಾಗಿದ್ರೆ ನಮಗೆ ಇದೇ ಹೆಚ್ಚು ಇಷ್ಟ.

ಕೋಲು ಹಿಡಿಯೋಕೆ ಧೈರ್ಯ ಬರದೇ ಇದ್ರೆ ಅಲೆವ್ರೋಪಿಟಾದಿಂದ ಶುರು ಮಾಡಿ. ಹಾಳೆಯೇ ಇಲ್ಲದ ಝಗೋರಿ ಪೀಟಾ ಇದು. 250 ಗ್ರಾಂ ಮೈದಾ, ಎರಡು ಮೊಟ್ಟೆ, 400 ಮಿಲಿಲೀಟರ್ ನೀರು, ಒಂದು ಚಿಟಿಕೆ ಉಪ್ಪು. ಗಂಟಿಲ್ಲದ ಹಾಗೆ ಕದಡಿ, ಸೌಟಿಂದ ಧಾರೆಯಾಗಿ ಬೀಳೋ ಹದಕ್ಕೆ ತನ್ನಿ. ಖಾಲಿ ತಟ್ಟೆಗೆ ನಾಲ್ಕು ಚಮಚ ಎಣ್ಣೆ ಹಾಕಿ 220 ಡಿಗ್ರಿ ಓವನ್‌ನಲ್ಲಿ ಕಾಯಿಸಿ, ಹಿಟ್ಟು ಹೊಯ್ದ ತಕ್ಷಣ ಚುರ್ ಅನ್ನಬೇಕು. ಆ ಸದ್ದು ಬರದೇ ಇದ್ರೆ ತಳ ಅಂಟಿತು ಅಂತಲೇ ಲೆಕ್ಕ. ದಪ್ಪ ಅರ್ಧ ಸೆಂಟಿಮೀಟರ್ ಮೀರಬಾರದು. ಮೇಲೆ 250 ಗ್ರಾಂ ಫೆಟಾ ಪುಡಿ, ಅಲ್ಲಲ್ಲಿ ಬೆಣ್ಣೆ ಚೂರು. 40 ನಿಮಿಷಕ್ಕೆ ಅಂಚು ಕೆಂಪಗಾಗಿ ತಟ್ಟೆ ಬಿಟ್ಟು ಮೇಲೇಳತ್ತೆ. ಇದನ್ನ ಮಾತ್ರ ಆರಿಸೋಕೆ ಬಿಡಬೇಡಿ, ಆರಿದ್ರೆ ನಾರಿನ ಹಾಗಾಗತ್ತೆ. ಓವನ್‌ನಿಂದ ಮೇಜಿಗೆ, ಮೇಜಿಂದ ಬಾಯಿಗೆ.