ಮಣ್ಣಿನ ಮೇಲೊಂದು ಮೈಯ ಗುರುತು

ಕೇಳುಗರಿಗೆ ನಮಸ್ಕಾರ.

1961. ಕ್ಯೂಬಾ ದೇಶದ ಹವಾನಾದಿಂದ ಹನ್ನೆರಡು ವರ್ಷದ ಹುಡುಗಿಯೊಬ್ಬಳು ಅಕ್ಕನ ಜೊತೆ ಅಮೆರಿಕಕ್ಕೆ ಹೊರಟಳು. ಅಪ್ಪ ಅಮ್ಮ ಊರಲ್ಲೇ ಉಳಿದರು. ಫಿಡೆಲ್ ಕ್ಯಾಸ್ಟ್ರೋನ ಕ್ರಾಂತಿಯ ಭಯಕ್ಕೆ ಆಗ 14,000ಕ್ಕೂ ಹೆಚ್ಚು ಮಕ್ಕಳನ್ನು ಹೀಗೆ ಕಳಿಸಿಬಿಟ್ಟಿದ್ದರು. ಅಯೋವಾ ರಾಜ್ಯದ ಅನಾಥಾಲಯದಲ್ಲಿ, ಯಾರ ಯಾರದೋ ಮನೆಗಳಲ್ಲಿ ಬೆಳೆದ ಆ ಹುಡುಗಿಗೆ ಅಮ್ಮ ಮತ್ತೆ ಸಿಕ್ಕಿದ್ದು 1966ರಲ್ಲಿ. ಅವಳ ಹೆಸರು ಆನಾ ಮೆಂಡಿಯೆಟಾ.

ಮುಂದೆ ಕಲಾವಿದೆಯಾದ ಆನಾ ಅವರಿಗೆ ಬಣ್ಣ, ಕ್ಯಾನ್ವಾಸ್ ಸಾಲಲಿಲ್ಲ. 1973ರಲ್ಲಿ ಅವರು ಮೆಕ್ಸಿಕೋದ ಯಾಗುಲ್ ಎಂಬಲ್ಲಿಗೆ ಹೋದರು. ಅಲ್ಲಿ ಝಪೊಟೆಕ್ ಜನರ ಹಳೆಯ ಸಮಾಧಿಗಳಿವೆ. ಒಂದು ತೆರೆದ ಸಮಾಧಿಯೊಳಗೆ ಬರಿಮೈಯಲ್ಲಿ ಮಲಗಿದರು. ಮೈಮೇಲೆಲ್ಲ ಬಿಳಿ ಹೂಗಳು. ಫೋಟೋದಲ್ಲಿ ಮುಖ ಕಾಣುವುದಿಲ್ಲ. ಹೂಗಿಡಗಳು ಮೈಯಿಂದಲೇ ಚಿಗುರಿದಂತಿವೆ. ಸತ್ತವರ ಜಾಗದಲ್ಲಿ ಹಸಿರು! ನನಗೆ ಆ ಚಿತ್ರದಿಂದ ಬೇಗ ಕಣ್ಣು ತೆಗೆಯಲು ಆಗಲಿಲ್ಲ.

ಆಮೇಲಾಮೇಲೆ ಮೈ ಮರೆಯಾಯಿತು, ಅದರ ಗುರುತು ಮಾತ್ರ ಉಳಿಯಿತು. ಸಿಲುಯೆಟಾ, ಅಂದರೆ ಹೊರಗೆರೆಯ ಆಕೃತಿ, ಎಂದು ಕರೆದ ಈ ಕೆಲಸವನ್ನು 1980ರವರೆಗೂ ಮಾಡಿದರು. ಕೆಸರಲ್ಲಿ, ಹುಲ್ಲಲ್ಲಿ, ಮರಳಲ್ಲಿ ತನ್ನದೇ ಅಳತೆಯ ಹೆಣ್ಣಿನ ಆಕಾರ. ಸಮುದ್ರದ ದಡದಲ್ಲಿ ಆಕಾರ ತೋಡಿ ಕೆಂಪು ಬಣ್ಣ ತುಂಬಿದರು, ಅಲೆ ಬಂದು ಒಯ್ದಿತು. ಇನ್ನೊಮ್ಮೆ ಆಳೆತ್ತರದ ಆಕೃತಿಗೆ ಪಟಾಕಿ ಕಟ್ಟಿ ರಾತ್ರಿ ಹೊತ್ತಿಸಿದರು. ಉರಿದು ಮುಗಿಯಿತು, ಅಷ್ಟೇ. ನಮಗೆ ಸಿಕ್ಕಿರುವುದು ಫೋಟೋಗಳು, ಪುಟ್ಟ ಪುಟ್ಟ ಫಿಲ್ಮುಗಳು.

ಬೆಂಕಿ, ರಕ್ತ, ನೀರು ಅವರಿಗೆ ಸುಮ್ನೆ ಸಿಕ್ಕ ಸಾಮಾನುಗಳಲ್ಲ. ಚಿಕ್ಕಂದಿನಲ್ಲಿ ಮನೆಗೆಲಸದವರಿಂದ ಸಾಂತೆರಿಯಾ ಬಗ್ಗೆ ತಿಳಿದಿದ್ದರು. ಆಫ್ರಿಕಾದಿಂದ ಗುಲಾಮರಾಗಿ ಬಂದ ಯೊರುಬಾ ಜನರ ದೇವರುಗಳು ಕ್ಯಾಥೊಲಿಕ್ ಸಂತರ ಜೊತೆ ಬೆರೆತು ಕ್ಯೂಬಾದಲ್ಲಿ ಬೆಳೆದ ನಂಬಿಕೆ ಅದು. ಬೇರೆಯವರ ಆಚರಣೆಗಳನ್ನು ಎತ್ತಿಕೊಂಡರು ಎನ್ನುವವರೂ ಇದ್ದಾರೆ. ನಾನು ಒಪ್ಪುವುದಿಲ್ಲ. ತವರಿನ ಮಣ್ಣು ತಪ್ಪಿದವರು ಸಿಕ್ಕ ಮಣ್ಣಿಗೆಲ್ಲ ಮೈ ಒತ್ತಿ ನೋಡುತ್ತಾರೆ, ಅಲ್ವಾ?

ಕ್ಯೂಬಾಕ್ಕೆ ಅವರು ಮತ್ತೆ ಕಾಲಿಟ್ಟಿದ್ದು 1980ರಲ್ಲಿ. ಮರುವರ್ಷ ಹವಾನಾ ಹತ್ತಿರದ ಹಾರೂಕೋ ಬೆಟ್ಟಗಳ ಸುಣ್ಣಕಲ್ಲಿನ ಗುಹೆಗಳಲ್ಲಿ ದೇವಿಯರನ್ನು ಕೆತ್ತಿದರು. ಸ್ಪೇನಿನವರು ಬರುವ ಮೊದಲು ಆ ದ್ವೀಪದಲ್ಲಿದ್ದ ತಾಯಿನೋ ಜನರ ದೇವಿಯರು. ಗಾಳಿಯ ಗುವಾಬಾನ್ಸೆಕ್ಸ್, ನೀರಿನ ತಾಯಿ ಅತಾಬೇ. ಕೈಕಾಲುಗಳಿಲ್ಲ, ಕಣ್ಣುಮೂಗುಗಳಿಲ್ಲ. ಬಂಡೆಯ ಉಬ್ಬುತಗ್ಗುಗಳನ್ನೇ ನೆಚ್ಚಿಕೊಂಡು ತೋಡಿದ ನಾಲ್ಕಾರು ಗೆರೆಗಳು. ಇಲ್ಲಿ ಮಾತ್ರ ಆಕಾರ ಅವರ ಮೈಯದಲ್ಲ, ಹೆಸರುಳ್ಳ ತಾಯಂದಿರದು.

1985ರಲ್ಲಿ, 36ನೇ ವಯಸ್ಸಿಗೇ, ನ್ಯೂಯಾರ್ಕಿನಲ್ಲಿ ತೀರಿಕೊಂಡರು. ಆ ಸಾವಿನ ಬಗ್ಗೆಯೇ ಜನ ಜಾಸ್ತಿ ಮಾತಾಡುತ್ತಾರೆ. ನಾನು ಗುಹೆಗಳ ಹತ್ತಿರವೇ ನಿಲ್ಲುತ್ತೇನೆ. ಮೆತ್ತನೆಯ ಕಲ್ಲು. ಮಳೆಗೆ, ಗಾಳಿಗೆ ಗೆರೆಗಳು ಸವೆಯುತ್ತಾ ಬಂದಿವೆ. ಅದೇ ಗಾಳಿಯ ದೇವಿಯನ್ನು, ಅದೇ ನೀರಿನ ತಾಯಿಯನ್ನು ಅಲ್ಲಿ ಕೆತ್ತಿದ್ದರು.

ನಮಸ್ಕಾರ.